ಗೆದ್ದವರು ಕಲಿಸಲು ನಿಂತಾಗ

2028ರ ಲಾಸ್ ಏಂಜಲೀಸ್ ಒಲಿಂಪಿಕ್ಸ್‌ಗೆ ಸ್ಕ್ವಾಷ್ ಮೊದಲ ಸಲ ಕಾಲಿಡುತ್ತಿದೆ. ಆದೋನಿ, ಆಲೂರು, ಕೋಸಿಗಿ ಕಡೆಯ ನಮ್ಮ ಮಕ್ಕಳಿಗೆ ನಾಲ್ಕು ಗೋಡೆಗಳ ನಡುವಿನ ಆ ಆಟ ಇನ್ನೂ ದೂರದ ಮಾತು. ಆದರೂ ಅಲ್ಲಿನ ಒಂದು ಸಂಗತಿ ನಮಗೆ ಬೇಕಾದದ್ದು. 2017ರಲ್ಲಿ ಏಷ್ಯಾ ಚಾಂಪಿಯನ್ ಆದ ಕೊಡವತಿ ಜೋಶ್ನಾ ಚಿನ್ನಪ್ಪನವರಿಗೆ ಆಟ ಕಲಿಸಿದವರು ಅವರ ತಂದೆ ಅಂಜನ್. ಅವರೂ ತಮಿಳುನಾಡಿನ ಪರ ಆಡಿದವರೇ. ಸ್ಕ್ವಾಷನ್ನೇ ವೃತ್ತಿ ಮಾಡಿಕೊಂಡ ರಿತ್ವಿಕ್ ಭಟ್ಟಾಚಾರ್ಯ ಕೂಡ ಆಮೇಲೆ ಮಹಾರಾಷ್ಟ್ರದಲ್ಲಿ ತರಬೇತಿ ಕೇಂದ್ರ ಕಟ್ಟಿದರು. ಆಡಿದವರು ಕಲಿಸಲು ನಿಂತರೆ ಮಾತ್ರ ಆಟ ಮುಂದಿನವರ ಕೈಗೆ ಬರುತ್ತದೆ.

ನಮಗೆ ಹತ್ತಿರದ ಶಟಲ್ ಆಟವನ್ನೇ ನೋಡಿ. ಪ್ರಕಾಶ್ ಪಡುಕೋಣೆ ಹುಡುಗನಾಗಿದ್ದಾಗ ಬೆಂಗಳೂರಿನಲ್ಲಿ ಅವರು ಆಡುತ್ತಿದ್ದದ್ದು ಕೆನರಾ ಯೂನಿಯನ್‌ನ ಮದುವೆ ಹಾಲ್‌ನಲ್ಲಿ. ಮುಹೂರ್ತ ಇದ್ದ ದಿನ ಆಟ ಇಲ್ಲ. ಮದುವೆಯವರು ಊಟ ಮುಗಿಸಿ, ಹಾಲ್ ಖಾಲಿ ಮಾಡುವವರೆಗೆ ಕಾಯಬೇಕು. ಆ ಹುಡುಗ 1971ರಲ್ಲಿ, ಹದಿನಾರನೇ ವಯಸ್ಸಿಗೆ ರಾಷ್ಟ್ರೀಯ ಚಾಂಪಿಯನ್ ಆದರು. ಸತತ ಒಂಬತ್ತು ವರ್ಷ ಆ ಪಟ್ಟ ಬಿಟ್ಟುಕೊಡಲಿಲ್ಲ. 1980ರಲ್ಲಿ ಇಂಡೋನೇಷ್ಯಾದ ಲಿಯೆಮ್ ಸ್ವೀ ಕಿಂಗ್ ಅವರನ್ನು ಸೋಲಿಸಿ ಆಲ್ ಇಂಗ್ಲೆಂಡ್ ಬ್ಯಾಡ್ಮಿಂಟನ್ ಪಟ್ಟ ಗೆದ್ದರು.

ಅವರ ಬದುಕಿನ ದೊಡ್ಡ ವರ್ಷ ಯಾವುದೆಂದರೆ ಎಲ್ಲರೂ 1980 ಎನ್ನುತ್ತಾರೆ. ನಾನು 1994 ಎನ್ನುತ್ತೇನೆ. ಮಾಜಿ ಆಟಗಾರ ವಿಮಲ್ ಕುಮಾರ್ ಮೊದಲಾದವರ ಜೊತೆ ಸೇರಿ ಅವರು ಬೆಂಗಳೂರಿನಲ್ಲಿ ಅಕಾಡೆಮಿ ತೆರೆದ ವರ್ಷ ಅದು. ಮದುವೆ ಮುಗಿಯಲಿ ಎಂದು ಕಾದು ಕೂತವರು, ಮುಂದಿನ ಮಕ್ಕಳು ಕಾಯದಂತೆ ಮಾಡಿದರು. ಹೆಸರಿತ್ತು, ಆರಾಮಾಗಿ ಮನೆಯಲ್ಲಿರಬಹುದಿತ್ತು. ಆದರೆ 2024ರ ಪ್ಯಾರಿಸ್ ಒಲಿಂಪಿಕ್ಸ್‌ನಲ್ಲಿ, ಅರವತ್ತೊಂಬತ್ತರ ವಯಸ್ಸಿನಲ್ಲೂ, ಲಕ್ಷ್ಯ ಸೇನ್ ಆಡುವಾಗ ಕೋಚ್ ಕುರ್ಚಿಯಲ್ಲಿ ಕೂತಿದ್ದರು. ಕಂಚು ಕೈತಪ್ಪಿದಾಗ ಆಟಗಾರರೂ ಹೊಣೆ ಹೊರಬೇಕೆಂದು ನೇರವಾಗಿ ಹೇಳಿದರು. ಆ ಮಾತು ಹಲವರಿಗೆ ಕಹಿಯಾಯಿತು. ನನಗೆ ಅದು ಮನೆಯ ಹಿರಿಯರ ಮಾತಿನಂತೆ ಕೇಳಿತು.

ಅವರ ಕೈಯಲ್ಲಿ ಪಳಗಿದವರಲ್ಲಿ ಒಬ್ಬರು ನಮ್ಮ ಆಂಧ್ರದವರು. ಆಗಿನ ಪ್ರಕಾಶಂ ಜಿಲ್ಲೆಯ ನಾಗಂಡ್ಲದಲ್ಲಿ ಹುಟ್ಟಿದ ಪುಲ್ಲೇಲ ಗೋಪಿಚಂದ್. ಮೊಣಕಾಲು ಕೆಟ್ಟು, ಶಸ್ತ್ರಚಿಕಿತ್ಸೆಯಾಗಿ, ಇನ್ನು ಮುಗಿಯಿತು ಎಂದವರ ಮುಂದೆಯೇ 2001ರಲ್ಲಿ ಆಲ್ ಇಂಗ್ಲೆಂಡ್ ಗೆದ್ದರು. ಆಮೇಲೆ ಹೈದರಾಬಾದ್‌ನಲ್ಲಿ ಅಕಾಡೆಮಿ ಕಟ್ಟಲು ಮನೆಯನ್ನೇ ಅಡವಿಟ್ಟರು. ಅಲ್ಲಿ ಬೆಳಕು ಹರಿಯುವ ಮುಂಚೆಯೇ ತರಬೇತಿ.

ಅಲ್ಲಿ ಕಲಿತ ಪಿ.ವಿ. ಸಿಂಧು ಮೊದಲು ಬಲು ಮೆತ್ತಗಿನ ಹುಡುಗಿ. ಕೋರ್ಟಿನ ನಡುವೆ ನಿಂತು ಎಲ್ಲರೆದುರು ಜೋರಾಗಿ ಕೂಗು, ಅಲ್ಲಿಯವರೆಗೆ ರಾಕೆಟ್ ಮುಟ್ಟಬೇಡ ಎಂದರಂತೆ ಗೋಪಿಚಂದ್. ಆಕೆ ಅತ್ತರು, ಕೊನೆಗೆ ಕೂಗಿದರು. ರಿಯೋ ಒಲಿಂಪಿಕ್ಸ್‌ಗೆ ಮುಂಚೆ ಮೂರು ತಿಂಗಳು ಆಕೆಯ ಫೋನು ಗುರುಗಳ ಹತ್ತಿರವೇ ಇತ್ತು, ಐಸ್‌ಕ್ರೀಂ ಬಂದ್. 2016ರಲ್ಲಿ ಬೆಳ್ಳಿ ಬಂದ ಮೇಲೆ ಎರಡೂ ವಾಪಸ್. ಸ್ವತಃ ಆಡಿ, ಸೋತು, ನೊಂದವರಿಗೆ ಮಾತ್ರ ಇಷ್ಟು ಬಿಗಿ ಹಿಡಿಯುವ ಹಕ್ಕು ಇರುತ್ತದೆ ಎಂದು ನನಗನ್ನಿಸುತ್ತದೆ.

ಈ ಗುರುಪರಂಪರೆ ಬೆಂಗಳೂರಿನಿಂದ ಹೈದರಾಬಾದಿಗೆ ಹೋಯಿತು. ನಡುವಿನ ಆದೋನಿಯಲ್ಲಿ ಚಳಿಗಾಲದ ಸಂಜೆ ಹುಡುಗರು ಬೀದಿಗೆ ನೆಟ್ ಕಟ್ಟಿ, ಬಲ್ಬು ಹಾಕಿಕೊಂಡು ಆಡುತ್ತಾರೆ. ಕೆಲವರ ಕೈ ನೋಡಿದರೆ ಸಂತೋಷವಾಗುತ್ತದೆ. ಆದರೆ ರಾಕೆಟನ್ನು ಸೌಟು ಹಿಡಿದಂತೆ ಮುಷ್ಟಿ ಕಟ್ಟಿ ಹಿಡಿದ ಹುಡುಗನ ಬೆರಳು ಬಿಡಿಸಿ ಸರಿಮಾಡುವವರು ಯಾರು? ಕನ್ನಡ ಶಾಲೆಯಾಗಲಿ ತೆಲುಗು ಶಾಲೆಯಾಗಲಿ, ಪಾಠ ಹಿಂದುಳಿದರೆ ಟ್ಯೂಷನ್ ಹೇಳುವವರು ಓಣಿಗೊಬ್ಬರಿದ್ದಾರೆ. ಕಾಲೇಜು ದಿನಗಳಲ್ಲಿ ವಿಶ್ವವಿದ್ಯಾಲಯದ ಪರ ಆಡಿ, ಈಗ ಬ್ಯಾಂಕು, ರೈಲ್ವೆ, ಹತ್ತಿ ಮಂಡಿ ಎಂದು ದುಡಿಯುತ್ತಿರುವವರು ನಮ್ಮಲ್ಲೂ ಇದ್ದಾರೆ. ಅವರು ವಾರಕ್ಕೆರಡು ಸಂಜೆ ಆ ಬಲ್ಬಿನ ಕೆಳಗೆ ಬಂದು ನಿಲ್ಲಲಿ. ಹುಡುಗರನ್ನು ಒಟ್ಟುಗೂಡಿಸುವ ಕೆಲಸ ನಮ್ಮಂಥವರು ಮಾಡುತ್ತೇವೆ.