ಮೂರು ಮನೆಯ ಉಪ್ಪು

ಉಂಡ ಮನೆಗೆ ಎರಡು ಬಗೆಯಬಾರದು ಎಂಬ ಮಾತನ್ನು ನಮ್ಮಲ್ಲಿ ಯಾರೂ ಕೂರಿಸಿಕೊಂಡು ಕಲಿಸುವುದಿಲ್ಲ. ಅದು ಊಟದ ಜೊತೆಗೇ ಒಳಗಿಳಿದಿರುತ್ತದೆ. ಆದರೆ ಒಬ್ಬ ಮನುಷ್ಯ ಒಂದಲ್ಲ, ಮೂರು ಮನೆಗಳಲ್ಲಿ ಉಂಡಿದ್ದರೆ? ಆ ಮೂರು ಮನೆಗಳು ಒಂದರ ಮುಖ ಒಂದು ನೋಡದಂಥವಾಗಿದ್ದರೆ? ಬೆರ್ನ್ಡ್ ಶೂಸ್ಟರ್ ಎಂಬ ಫುಟ್‌ಬಾಲ್ ಆಟಗಾರನ ಬದುಕನ್ನು ನೆನೆದಾಗಲೆಲ್ಲ ನನಗೆ ಈ ಪ್ರಶ್ನೆ ಎದುರಾಗುತ್ತದೆ. ಫುಟ್‌ಬಾಲಿನಲ್ಲಿ ಆಸಕ್ತಿಯಿಲ್ಲದ ಓದುಗರು ಹೆದರಬೇಕಾಗಿಲ್ಲ. ಆಫ್‌ಸೈಡ್ ಅಂದರೇನೆಂದು ನನಗೂ ಜರ್ಮನಿಗೆ ಬಂದು ನಾಲ್ಕು ವರ್ಷ ಕಳೆದ ಮೇಲೆಯೇ ಗೊತ್ತಾದದ್ದು.

ನಾನು ಹದಿನೆಂಟು ವರ್ಷಗಳಿಂದ ಇರುವ ಆಗ್ಸ್‌ಬುರ್ಗ್ ಊರಿನಲ್ಲೇ ಶೂಸ್ಟರ್ 1959ರ ಡಿಸೆಂಬರಿನಲ್ಲಿ ಹುಟ್ಟಿದ. ಇಲ್ಲಿನ ಹಾಮರ್‌ಶ್ಮೀಡೆ ಎಂಬ ಬಡಾವಣೆಯ ಸಣ್ಣ ಸಂಘದಲ್ಲಿ ಆಡಿ ಬೆಳೆದ. ಮೈದಾನದ ನಡುಭಾಗದಲ್ಲಿ ನಿಂತು, ತಲೆ ಎತ್ತಿ ನೋಡಿ, ನಲವತ್ತು ಮೀಟರ್ ಆಚೆ ಓಡುತ್ತಿರುವವನ ಕಾಲಿಗೇ ಚೆಂಡು ಬೀಳಿಸುವ ಆಟ ಅವನದು. ಹದಿನೆಂಟಕ್ಕೆ ಕೊಲೋನ್‌ಗೆ ಹೋದ. 1980ರ ಜೂನಿನಲ್ಲಿ ರೋಮ್‌ನಲ್ಲಿ ಬೆಲ್ಜಿಯಂ ತಂಡವನ್ನು 2–1ರಿಂದ ಸೋಲಿಸಿ ಪಶ್ಚಿಮ ಜರ್ಮನಿ ಯುರೋಪಿನ ಕಪ್ ಗೆದ್ದಾಗ ಅವನಿಗೆ ಇಪ್ಪತ್ತು ವರ್ಷ. ಆ ವರ್ಷದ ಯುರೋಪಿನ ಶ್ರೇಷ್ಠ ಆಟಗಾರನ ಆಯ್ಕೆಯಲ್ಲಿ ರುಮೆನಿಗೆ ಮೊದಲನೆಯವನಾದರೆ ಈ ಹುಡುಗ ಎರಡನೆಯವ. ಅದೇ ಶರತ್ಕಾಲದಲ್ಲಿ ಬಾರ್ಸಿಲೋನಾ ಅವನನ್ನು ಕೊಂಡಿತು.

ಆಮೇಲಿನದೇ ಕಥೆ. ಬಾರ್ಸಿಲೋನಾದಲ್ಲಿ ಎಂಟು ವರ್ಷ. 1988ರಲ್ಲಿ ಅಲ್ಲಿಂದ ನೇರವಾಗಿ ರಿಯಲ್ ಮ್ಯಾಡ್ರಿಡ್. ಅಲ್ಲಿ ಎರಡು ವರ್ಷ, ಎರಡು ಲೀಗ್ ಪ್ರಶಸ್ತಿ. 1990ರಲ್ಲಿ ಅದೇ ಊರಿನ ಇನ್ನೊಂದು ಬಣವಾದ ಅಟ್ಲೆಟಿಕೊ ಮ್ಯಾಡ್ರಿಡ್. 1993ರಲ್ಲಿ ಜರ್ಮನಿಯ ಲೆವರ್‌ಕೂಸನ್‌ಗೆ ಬಂದು ಮೂರು ವರ್ಷ ಆಡಿ, ಕೊನೆಗೆ ಮೆಕ್ಸಿಕೊ ನಗರದ ವಿಶ್ವವಿದ್ಯಾಲಯದ ತಂಡದಲ್ಲಿ ಬೂಟು ಬಿಚ್ಚಿದ. ತರಬೇತುದಾರನಾದ ಮೇಲೂ ಕಾಲು ನಿಲ್ಲಲಿಲ್ಲ. ಕೊಲೋನ್, ಸ್ಪೇನಿನ ಹೆರೆಸ್, ಉಕ್ರೇನಿನ ಡೊನೆಟ್ಸ್ಕ್, ಮತ್ತೆ ಸ್ಪೇನ್, ಇಸ್ತಾಂಬುಲ್, ಕಡೆಗೆ ಚೀನಾದ ದಾಲಿಯಾನ್.

ಬಾರ್ಸಿಲೋನಾದಿಂದ ರಿಯಲ್ ಮ್ಯಾಡ್ರಿಡ್‌ಗೆ ಹೋಗುವುದೆಂದರೆ ಏನೆಂದು ಕನ್ನಡದ ಓದುಗರಿಗೆ ಹೇಳುವುದು ಕಷ್ಟವಲ್ಲ. ಫ್ರಾಂಕೋನ ಸರ್ವಾಧಿಕಾರದಲ್ಲಿ ಕಟಲಾನ್ ಭಾಷೆಯನ್ನು ಶಾಲೆ, ಕಚೇರಿಗಳಿಂದ ಹೊರಹಾಕಿದ್ದಾಗ, ಜನ ನಿರ್ಭಯವಾಗಿ ತಮ್ಮ ನುಡಿಯಲ್ಲಿ ಕೂಗುತ್ತಿದ್ದ ಜಾಗ ಈ ಕ್ಲಬ್ಬಿನ ಮೈದಾನ. ನಮ್ಮದು ಕ್ಲಬ್ಬಿಗಿಂತ ಹೆಚ್ಚಿನದು ಎಂಬುದು ಅವರ ಘೋಷವಾಕ್ಯ. ಎದುರಾಳಿ ರಾಜಧಾನಿಯ ತಂಡ. 2000ದಲ್ಲಿ ಇದೇ ದಾರಿ ಹಿಡಿದ ಪೋರ್ಚುಗಲ್‌ನ ಫಿಗೋ ಎರಡು ವರ್ಷದ ನಂತರ ಬಾರ್ಸಿಲೋನಾಕ್ಕೆ ಆಡಲು ಬಂದಾಗ ಪ್ರೇಕ್ಷಕರ ಕಡೆಯಿಂದ ಹಂದಿಯ ತಲೆಯೊಂದು ಮೈದಾನಕ್ಕೆ ಬಿದ್ದಿತ್ತು. ಶೂಸ್ಟರ್ ಆ ದಾರಿಯನ್ನು ಹನ್ನೆರಡು ವರ್ಷ ಮೊದಲೇ ನಡೆದಿದ್ದ. ಸಾಲದ್ದಕ್ಕೆ 1992ರ ಜೂನ್ 27ರಂದು, ಸ್ಪೇನಿನ ರಾಜನ ಕಪ್ಪಿನ ಫೈನಲ್‌ನಲ್ಲಿ, ರಿಯಲ್ ಮ್ಯಾಡ್ರಿಡ್‌ನ ಸ್ವಂತ ಮೈದಾನದಲ್ಲೇ ಅಟ್ಲೆಟಿಕೊ ಪರವಾಗಿ ಒಂದು ಫ್ರೀ ಕಿಕ್ ಗೋಲು ಹೊಡೆದು ಮೊನ್ನೆಮೊನ್ನೆಯವರೆಗೆ ತನಗೆ ಅನ್ನ ಹಾಕಿದವರನ್ನು ಸೋಲಿಸಿದ. ಪಂದ್ಯ 2–0.

ಇಂಥವನನ್ನು ನಮ್ಮ ಹಳಗನ್ನಡದ ಲೋಕ ಏನೆಂದು ಕರೆಯುತ್ತಿತ್ತು?

ಜೋಳವಾಳಿ ಎಂಬ ಮಾತು ನಿಮಗೆ ಗೊತ್ತಿದೆ. ಒಡೆಯನ ಜೋಳ ತಿಂದವನು ಅದರ ಋಣವನ್ನು ರಣರಂಗದಲ್ಲಿ ಪ್ರಾಣಕೊಟ್ಟು ತೀರಿಸಬೇಕು. ಹಳೇಬೀಡಿನ ಹೊಯ್ಸಳೇಶ್ವರ ದೇವಾಲಯದ ಮಗ್ಗುಲಲ್ಲಿ ಗರುಡಗಂಬವಿದೆ. ವೀರಬಲ್ಲಾಳನ ದಂಡನಾಯಕ ಕುವರಲಕ್ಷ್ಮ, ಅವನ ಹೆಂಡತಿ, ಅವರ ಬಂಟರು ಒಡೆಯನಿಗಾಗಿ ಪ್ರಾಣ ಬಿಟ್ಟದ್ದರ ಗುರುತು. ಬಂಟರು ತಮ್ಮ ಕೊರಳನ್ನು ತಾವೇ ಕತ್ತರಿಸಿಕೊಳ್ಳುವ ಶಿಲ್ಪ ಅದರ ಮೇಲಿದೆ. ಪ್ರವಾಸಿಗರು ಅದರ ಎದುರು ಫೋಟೋ ತೆಗೆಸಿಕೊಳ್ಳುತ್ತಾರೆ. ನಾನೂ ತೆಗೆಸಿಕೊಂಡಿದ್ದೇನೆ. ಇನ್ನು ಕರ್ಣನಂತೂ ಇದ್ದೇ ಇದ್ದಾನೆ. ನೀನು ಪಾಂಡವರ ಅಣ್ಣ, ಬಾ, ಪಟ್ಟ ನಿನ್ನದೇ ಎಂದು ಕೃಷ್ಣ ಕರೆದರೂ ದುರ್ಯೋಧನನನ್ನು ಬಿಡದವನು. ಕರ್ಣನ ಕಥೆ ಕೇಳಿ ಕಣ್ಣು ಒದ್ದೆಯಾಗದ ಕನ್ನಡಿಗ ವಿರಳ. ನಮ್ಮ ಪಾಲಿಗೆ ನಿಷ್ಠೆಯೆಂದರೆ ಸೋಲುವ ಕಡೆ ನಿಲ್ಲುವುದು.

ಆದರೆ ಕರ್ಣನ ಋಣ ಸಂಬಳದ್ದಲ್ಲ ಎಂಬುದನ್ನು ನಾವು ಮರೆಯುತ್ತೇವೆ. ತುಂಬಿದ ಸಭೆಯಲ್ಲಿ ನಿನ್ನ ಕುಲ ಯಾವುದು ಎಂದು ಅವನ ಬಾಯಿ ಮುಚ್ಚಿಸಿದಾಗ ಎದ್ದು ನಿಂತವನು ದುರ್ಯೋಧನ ಒಬ್ಬನೇ. ಆ ಋಣಕ್ಕೆ ಲೆಕ್ಕವಿಲ್ಲ. ಸೈನಿಕನ ಜೋಳಕ್ಕೆ ಲೆಕ್ಕವಿತ್ತು. ಇಷ್ಟು ದಿನದ ಚಾಕರಿಗೆ ಇಷ್ಟು ಕೊಳಗ. ಎಣಿಸಿ ಕೊಟ್ಟದ್ದನ್ನು ಎಣಿಸಲಾಗದ ಋಣವೆಂದು ನಂಬಿಸಿದ್ದು ಅರಸರಿಗೆ ಎಷ್ಟು ಅನುಕೂಲವಾಯಿತೆಂದು ನನಗೆ ಆಗಾಗ ಅನ್ನಿಸುತ್ತದೆ.

ಕರ್ಣನನ್ನು ಅಷ್ಟು ಎತ್ತರಕ್ಕೆ ನಿಲ್ಲಿಸಿದ ಪಂಪನನ್ನೇ ನೋಡಿ. ಅವನು ಅರಿಕೇಸರಿಯ ಆಶ್ರಯದಲ್ಲಿದ್ದವನು. ಆ ಅರಸರ ರಾಜಧಾನಿ ವೇಮುಲವಾಡ ಇಂದಿನ ತೆಲಂಗಾಣದಲ್ಲಿದೆ. ಅರಸನಿಗಾಗಿ ಕತ್ತಿ ಹಿಡಿದ, ಅರಸನನ್ನು ಅರ್ಜುನನಿಗೆ ಹೋಲಿಸಿ ಕಾವ್ಯ ಬರೆದ, ಧರ್ಮಪುರವೆಂಬ ಅಗ್ರಹಾರವನ್ನು ದತ್ತಿಯಾಗಿ ಪಡೆದ. ಋಣ ಚುಕ್ತಾ. ಮನಸ್ಸು ಮಾತ್ರ ಬನವಾಸಿಯಲ್ಲಿತ್ತು. ಆ ಪದ್ಯ ಅಚ್ಚಾಗದ ಹೊರನಾಡ ಕನ್ನಡ ಸಂಘದ ಸ್ಮರಣ ಸಂಚಿಕೆಯನ್ನು ನಾನಿನ್ನೂ ನೋಡಿಲ್ಲ, ನಾವದನ್ನು ಓದಿ ಕಣ್ಣೊರೆಸಿಕೊಂಡು ಸೋಮವಾರ ಕೆಲಸಕ್ಕೆ ಹೋಗುತ್ತೇವೆ. ಅವನು ಅರಿಕೇಸರಿಗೆ ದ್ರೋಹ ಬಗೆದನೆಂದು ಯಾರೂ ಹೇಳುವುದಿಲ್ಲ. ದುಡಿಮೆಯ ಖಾತೆ ಒಂದು, ಮನಸ್ಸಿನ ಖಾತೆ ಇನ್ನೊಂದು. ಎರಡನ್ನೂ ಕೂಡಿಸಿ ಲೆಕ್ಕ ಕೇಳುವವರು ಸಾಮಾನ್ಯವಾಗಿ ಒಡೆಯರೇ.

ಶೂಸ್ಟರ್‌ನ ಒಡೆಯರೂ ಹಾಗೇ ಕೇಳಿದರು, ಕೊಡುವಾಗ ಮಾತ್ರ ಬೇರೆ ಅಳತೆ. 1981ರ ಡಿಸೆಂಬರಿನಲ್ಲಿ ಬಿಲ್ಬಾವೊ ತಂಡದ ಗೊಯ್ಕೊಯೆಚಿಯಾ ಹಾಕಿದ ಅಡ್ಡಗಾಲಿಗೆ ಅವನ ಮಂಡಿ ಹೋಯಿತು. ಮುಂದಿನ ವರ್ಷದ ವಿಶ್ವಕಪ್ ಕೂಡ ಅದರೊಂದಿಗೇ ಹೋಯಿತು. ಆ ಮಂಡಿಯಲ್ಲೇ ಆಡಿ 1985ರಲ್ಲಿ ಬಾರ್ಸಿಲೋನಾಕ್ಕೆ ಲೀಗ್ ಗೆಲ್ಲಲು ನೆರವಾದ. ಆದರೂ 1986–87ರ ಇಡೀ ಋತುವಿನಲ್ಲಿ ಕ್ಲಬ್ ಅವನನ್ನು ಒಂದು ಪಂದ್ಯದಲ್ಲೂ ಇಳಿಸಲಿಲ್ಲ. ಇಪ್ಪತ್ತಾರು ಇಪ್ಪತ್ತೇಳರ ಪ್ರಾಯದಲ್ಲಿ ಒಬ್ಬ ಆಟಗಾರನ ಒಂದು ವರ್ಷವೆಂದರೆ ನಮ್ಮಂಥವರ ಐದು ವರ್ಷ. ಅದಾದ ಮೇಲೆ ಅವನು ಮ್ಯಾಡ್ರಿಡ್‌ಗೆ ಹೋದದ್ದು ದ್ರೋಹವೆಂದು ನನಗೆ ಅನ್ನಿಸುವುದಿಲ್ಲ. ನನ್ನ ಜೊತೆ ಕೆಲಸ ಮಾಡುತ್ತಿದ್ದ ಹಿರಿಯರೊಬ್ಬರು ಒಂದೇ ಕಾರ್ಖಾನೆಯಲ್ಲಿ ಮೂವತ್ತೊಂದು ವರ್ಷ ಕಳೆದವರು. ಎರಡು ಸಲ ಬೇರೆ ಕಡೆಯಿಂದ ಕರೆ ಬಂದರೂ ಹೋಗಲಿಲ್ಲ. ಅವರ ವಿಭಾಗವನ್ನೇ ಬೇರೆ ದೇಶಕ್ಕೆ ಸಾಗಿಸಿದ ದಿನ ಒಂದು ಕೇಕ್ ಕತ್ತರಿಸಿದರು, ಒಂದು ಗೋಡೆ ಗಡಿಯಾರ ಕೊಟ್ಟರು. ಗಡಿಯಾರ ಈಗ ಅವರ ಗ್ಯಾರೇಜಿನಲ್ಲಿದೆ, ಚೆನ್ನಾಗಿಯೇ ಓಡುತ್ತಿದೆ.

ಕ್ಲಬ್ಬಿನ ಮಾತು ಹೀಗಾದರೆ ದೇಶದ ಮಾತು? ಇಲ್ಲಿ ನನಗೆ ತೀರ್ಪು ಕೊಡುವುದು ಅಷ್ಟು ಸುಲಭವಲ್ಲ. 1984ರಲ್ಲಿ, ಇಪ್ಪತ್ತನಾಲ್ಕನೆಯ ವಯಸ್ಸಿಗೇ, ಶೂಸ್ಟರ್ ಜರ್ಮನ್ ರಾಷ್ಟ್ರೀಯ ತಂಡ ಬಿಟ್ಟ. ಅಧಿಕಾರಿಗಳೊಂದಿಗೆ ಜಗಳ, ಸಹ ಆಟಗಾರರೊಂದಿಗೆ ಮನಸ್ತಾಪ. ಮಗು ಹುಟ್ಟುವ ಹೊತ್ತಿನಲ್ಲಿ ಹೆಂಡತಿಯ ಬಳಿ ಇರಬೇಕೆಂದು ಅಲ್ಬೇನಿಯಾ ವಿರುದ್ಧದ ಪಂದ್ಯಕ್ಕೆ ಬರಲಿಲ್ಲವೆಂಬ ಆಕ್ಷೇಪ ಬೇರೆ. ಒಟ್ಟು ಆಡಿದ್ದು 21 ಪಂದ್ಯ, ಹೊಡೆದದ್ದು 4 ಗೋಲು. ಬೆಕೆನ್‌ಬಾವರ್ ತಂಡದ ಹೊಣೆ ಹೊತ್ತ ಮೇಲೂ ಅವನು ಹಿಂತಿರುಗಲಿಲ್ಲ. 1986ರ ವಿಶ್ವಕಪ್ ಫೈನಲ್‌ನಲ್ಲಿ ಜರ್ಮನಿ ಅರ್ಜೆಂಟೀನಾಕ್ಕೆ 2–3ರಿಂದ ಸೋತಿತು. ನಡುಮೈದಾನದಲ್ಲಿ ಶೂಸ್ಟರ್ ಇದ್ದಿದ್ದರೆ ಎಂದು ಇಲ್ಲಿನ ಮುದುಕರು ಇವತ್ತಿಗೂ ಬಿಯರ್ ಮುಂದಿಟ್ಟುಕೊಂಡು ವಾದಿಸುತ್ತಾರೆ. ಆಗ್ಸ್‌ಬುರ್ಗ್‌ನವರು ಅವನಿಗೆ ಹೋಲಿಸುವುದು ಹೆಲ್ಮುಟ್ ಹಾಲರ್‌ನನ್ನು. ಹಾಲರ್ ಕೂಡ ಈ ಊರವನೇ, ನಡುಮೈದಾನದವನೇ. 1962ರಲ್ಲಿ ಇಟಲಿಗೆ ಹೋಗಿ ಬೊಲೋನ್ಯ, ಯುವೆಂಟಸ್‌ಗಳಲ್ಲಿ ಹನ್ನೊಂದು ವರ್ಷ ಆಡಿದ. ಆದರೆ ದೇಶ ಕರೆದಾಗ ಬಂದ, 1966ರ ವಿಶ್ವಕಪ್ ಫೈನಲ್‌ನಲ್ಲಿ ಮೊದಲ ಗೋಲು ಹೊಡೆದ, 1973ರಲ್ಲಿ ತನ್ನೂರಿನ ತಂಡಕ್ಕೇ ಮರಳಿದ, 2012ರಲ್ಲಿ ಇಲ್ಲೇ ಕಣ್ಮುಚ್ಚಿದ. ಹೋದವನು ವಾಪಸ್ ಬಂದರೆ ಹೋದದ್ದೆಲ್ಲ ಮಾಫಿ. ಈ ಲೆಕ್ಕ ನಮಗೆ ಚೆನ್ನಾಗಿ ಗೊತ್ತು. ಊರಿಗೆ ಫೋನ್ ಮಾಡಿದಾಗಲೆಲ್ಲ ಎರಡನೆಯ ಪ್ರಶ್ನೆ ಅದೇ ತಾನೇ, "ಯಾವಾಗ ಬಂದ್ಬಿಡ್ತೀಯ?"

ಕಳೆದ ವರ್ಷ ನಾನು ಜರ್ಮನ್ ಪೌರತ್ವ ತೆಗೆದುಕೊಂಡೆ. 2024ರ ಜೂನಿನಿಂದ ಜರ್ಮನಿ ಹಳೆಯ ಪೌರತ್ವ ಬಿಡಬೇಕೆಂದು ಕೇಳುವುದಿಲ್ಲ. ಬಿಡಿಸುವುದು ನಮ್ಮ ದೇಶದ ಕಾನೂನು. 1955ರ ಪೌರತ್ವ ಕಾಯಿದೆಯ ಪ್ರಕಾರ ಬೇರೊಂದನ್ನು ಹಿಡಿದ ಕ್ಷಣ ಭಾರತದ್ದು ತಾನಾಗಿ ಹೋಗುತ್ತದೆ. ಪಾಸ್‌ಪೋರ್ಟ್ ಒಪ್ಪಿಸಬೇಕು, ಆಮೇಲೆ ಓಸಿಐ ಕಾರ್ಡಿಗೆ ಅರ್ಜಿ. ಪ್ರಮಾಣಪತ್ರ ಕೊಡುವ ಮೊದಲು ಇಲ್ಲಿನ ಕಚೇರಿಯಲ್ಲಿ ಒಂದು ವಾಕ್ಯ ಗಟ್ಟಿಯಾಗಿ ಓದಿಸಿದರು. ಅದನ್ನು ಹಿಂದಿನ ರಾತ್ರಿ ಹತ್ತು ಸಲ ಓದಿದ್ದೆ. ಅದರಲ್ಲಿ ಪ್ರೀತಿಯ ಮಾತಿಲ್ಲ, ಪ್ರಾಣದ ಮಾತಿಲ್ಲ. ಈ ದೇಶದ ಸಂವಿಧಾನವನ್ನೂ ಕಾನೂನುಗಳನ್ನೂ ಗೌರವಿಸಿ ಪಾಲಿಸುತ್ತೇನೆ, ಇದಕ್ಕೆ ಕೇಡು ಮಾಡುವುದಿಲ್ಲ, ಅಷ್ಟೇ. ಕೊಳಗದಲ್ಲಿ ಅಳೆದ ಜೋಳ. ಮನಸ್ಸು ಹಗುರವಾಯಿತು ಎನ್ನಬೇಕು. ಆದರೆ ಅಮ್ಮನಿಗೆ ಫೋನಿನಲ್ಲಿ ಹೇಳಿದಾಗ ಅವರು ಸ್ವಲ್ಪ ಹೊತ್ತು ಸುಮ್ಮನಿದ್ದು, "ಹಾಗಾದ್ರೆ ಇನ್ಮೇಲೆ ಇಲ್ಲಿಗೆ ಬರೋಕೆ ನೀನು ಪರ್ಮಿಶನ್ ಕೇಳ್ಬೇಕಾ?" ಎಂದರು. ಓಸಿಐ ಕಾರ್ಡಿದ್ದರೆ ಜೀವನಪೂರ್ತಿ ವೀಸಾ ಬೇಡ ಎಂದು ವಿವರಿಸಿದೆ. ಅವರು ಕೇಳಿದ್ದು ವೀಸಾದ ವಿಷಯವಲ್ಲವೆಂದು ಇಬ್ಬರಿಗೂ ಗೊತ್ತಿತ್ತು.

ಹಾಗಾಗಿ ಶೂಸ್ಟರ್ ಮನೆ ಬದಲಿಸಿದ್ದಕ್ಕೆ ನಾನು ತಪ್ಪು ಹಿಡಿಯಲಾರೆ. ನನ್ನ ತಕರಾರು ಬೇರೆ. 1986ರ ಮೇ 7, ಸೆವಿಯಾ ನಗರ, ಯುರೋಪಿಯನ್ ಕಪ್ ಫೈನಲ್. ಬಾರ್ಸಿಲೋನಾ ಅಲ್ಲಿಯವರೆಗೆ ಆ ಕಪ್ ಗೆದ್ದಿರಲಿಲ್ಲ. ಎದುರಿಗೆ ರೊಮೇನಿಯಾದ ಸ್ಟೆವಾ ಬುಕಾರೆಸ್ಟ್. ಗೋಲಿಲ್ಲದೆ ಆಟ ಎಳೆಯುತ್ತಿತ್ತು. ಮುಗಿಯಲು ಐದು ನಿಮಿಷವಿರುವಾಗ ತರಬೇತುದಾರ ವೆನಬಲ್ಸ್ ಶೂಸ್ಟರ್‌ನನ್ನು ಹೊರಗೆ ಕರೆದ. ಅವನು ಬೆಂಚಿನಲ್ಲಿ ಕೂರಲಿಲ್ಲ. ಬಟ್ಟೆ ಬದಲಿಸಿ, ಟ್ಯಾಕ್ಸಿ ಹಿಡಿದು ಹೋಟೆಲಿಗೆ ಹೋದ. ಅತ್ತ ಪಂದ್ಯ ಹೆಚ್ಚುವರಿ ಸಮಯಕ್ಕೂ, ಅಲ್ಲಿಂದ ಪೆನಾಲ್ಟಿಗೂ ಹೋಯಿತು. ಸ್ಟೆವಾದ ಗೋಲಿ ಡುಕಾಡಮ್ ಬಾರ್ಸಿಲೋನಾದ ನಾಲ್ಕು ಹೊಡೆತಗಳನ್ನೂ ಒಂದಾದ ಮೇಲೊಂದರಂತೆ ತಡೆದ. ಆ ನಾಲ್ವರು ತಲೆ ತಗ್ಗಿಸಿ ನಡೆದು ಬರುವಾಗ ಅವರ ಜೊತೆಗಾರ ಅಲ್ಲಿರಲಿಲ್ಲ.

ಅವನ ಸಿಟ್ಟು ನ್ಯಾಯವಾದದ್ದೇ ಇರಬಹುದು. ಇಡೀ ಋತು ಮನೆಯಲ್ಲಿ ಕೂರಿಸಿದ ಶಿಕ್ಷೆ ಆ ಟ್ಯಾಕ್ಸಿಗಿಂತ ದೊಡ್ಡದೆಂದೂ ಹೇಳಬಹುದು. ಆದರೂ ಯಕ್ಷಗಾನದ ಕರ್ಣಪರ್ವ ನೋಡಿ ಬೆಳೆದವನಿಗೆ ಇಲ್ಲಿ ಕರ್ಣನಲ್ಲ, ಶಲ್ಯ ಕಾಣಿಸುತ್ತಾನೆ. ಮಾತು ಕೇಳಲಿಲ್ಲವೆಂದು ಯುದ್ಧದ ನಡುವೆ ರಥ ಬಿಟ್ಟು ಇಳಿದು ಹೋದವನು. ಯುದ್ಧಕ್ಕೆ ಮೊದಲು ನಾನು ಈ ರಥ ಹೊಡೆಯಲಾರೆ ಎಂದಿದ್ದರೆ ಅವನನ್ನು ಯಾರೂ ದೂರುತ್ತಿರಲಿಲ್ಲ. ಒಡೆಯನಿಗೆ ಕೊಡಬೇಕಾದದ್ದಕ್ಕೆ ಕರಾರಿದೆ, ಅವಧಿಯಿದೆ. ಪಕ್ಕದಲ್ಲಿ ನಿಂತವನಿಗೆ ಕೊಡಬೇಕಾದದ್ದು ಯಾವ ಕಾಗದದಲ್ಲೂ ಇರುವುದಿಲ್ಲ. ಅಧ್ಯಕ್ಷನ ಮೇಲಿನ ಕೋಪಕ್ಕೆ ಪೆನಾಲ್ಟಿ ತಪ್ಪಿದ ಹುಡುಗ ದಂಡ ತೆರಬೇಕೇಕೆ?

ಇದೇ ಮನುಷ್ಯ ಇಪ್ಪತ್ತೆರಡು ವರ್ಷಗಳ ನಂತರ ಒಂದು ಕೆಲಸ ಮಾಡಿದ. ಆಗ ಅವನು ರಿಯಲ್ ಮ್ಯಾಡ್ರಿಡ್‌ನ ತರಬೇತುದಾರ. ಹಿಂದಿನ ಋತುವಿನಲ್ಲಷ್ಟೇ ಲೀಗ್ ಗೆಲ್ಲಿಸಿಕೊಟ್ಟಿದ್ದ. 2008ರ ಡಿಸೆಂಬರ್ ಮೊದಲ ವಾರ ಸೆವಿಯಾ ತಂಡದೆದುರು ತನ್ನ ಮೈದಾನದಲ್ಲೇ 3–4ರಿಂದ ಸೋತು, ಮುಂದಿನ ವಾರದ ಬಾರ್ಸಿಲೋನಾ ಪಂದ್ಯದ ಬಗ್ಗೆ ಪತ್ರಕರ್ತರು ಕೇಳಿದಾಗ, ಅಲ್ಲಿ ಹೋಗಿ ಗೆಲ್ಲುವುದು ಈಗ ಸಾಧ್ಯವಿಲ್ಲ, ಇದು ಅವರ ವರ್ಷ ಎಂಬರ್ಥದ ಮಾತಾಡಿದ. ಮ್ಯಾಡ್ರಿಡ್‌ನಲ್ಲಿ ಬಾಯಿಬಿಟ್ಟು ಹೇಳಬಾರದ ಮಾತು ಅದೊಂದೇ. ಡಿಸೆಂಬರ್ 9ರಂದು ಅವನನ್ನು ತೆಗೆದು ಹಾಕಿದರು.

ಸೇನಾಪತಿ ಹೀಗೆ ಮಾತಾಡಬಹುದೇ ಎಂದು ಸ್ಪೇನಿನ ಪತ್ರಿಕೆಗಳನ್ನು ಓದುವ ಗೆಳೆಯರೊಬ್ಬರು ನನ್ನ ಹತ್ತಿರ ವಾದಿಸಿದ್ದರು. ಸೈನಿಕರ ಧೈರ್ಯ ಕುಂದುವುದಿಲ್ಲವೇ? ಕುಂದಬಹುದು. ಆದರೆ ನಮ್ಮ ಭೀಷ್ಮನೂ ಹೇಳಿದ್ದ, ಪಾಂಡವರನ್ನು ಗೆಲ್ಲಲಾಗದು ಎಂದು. ಹೇಳಿ, ಅದೇ ದುರ್ಯೋಧನನ ಕಡೆ ನಿಂತು ಹತ್ತು ದಿನ ಕಾದಿದ. ಹೇಳಿದ್ದಕ್ಕೆ ದುರ್ಯೋಧನ ಅವನನ್ನು ಸೇನಾಪತಿ ಪಟ್ಟದಿಂದ ಇಳಿಸಲಿಲ್ಲ. ರಿಯಲ್ ಮ್ಯಾಡ್ರಿಡ್‌ನವರಿಗೆ ಅಷ್ಟು ತಾಳ್ಮೆ ಇರಲಿಲ್ಲ. ನಾಲ್ಕು ದಿನಗಳ ನಂತರ, ಡಿಸೆಂಬರ್ 13ರಂದು, ಅವರು ಹೊಸ ತರಬೇತುದಾರನ ಜೊತೆ ಬಾರ್ಸಿಲೋನಾಕ್ಕೆ ಹೋಗಿ 0–2ರಿಂದ ಸೋತು ಬಂದರು. ಮೇ ತಿಂಗಳಲ್ಲಿ ಬಾರ್ಸಿಲೋನಾದವರೇ ಮ್ಯಾಡ್ರಿಡ್‌ಗೆ ಬಂದರು. ಆ ಪಂದ್ಯ 2–6.