ಪಳಗಿದ ಮೃಗವೂ ಪಳಗದ ನಾಲಿಗೆಯೂ

(ಯಾಕೋಬನ ಪತ್ರಿಕೆ ೩ನೇ ಅಧ್ಯಾಯ, ೭ ಮತ್ತು ೮ನೇ ವಚನಗಳನ್ನು ಓದಿರಿ.)



ಕುಂದಾಪುರ, ಬೈಂದೂರು, ಬ್ರಹ್ಮಾವರ ಸೀಮೆಯವರಾದ ನಮಗೆ ಪ್ರಾಣಿಗಳನ್ನು ಪಳಗಿಸುವದು ಹೊಸ ಸಂಗತಿಯಲ್ಲ. ಎಳೆಯ ಕೋಣದ ಹೆಗಲಿಗೆ ಮೊದಲ ಸಾರಿ ನೊಗವನ್ನಿಟ್ಟವನು ಬಲ್ಲನು: ಪೆಟ್ಟಿಗೆ ಅದು ಬೆದರುವದು, ತಾಳ್ಮೆಗೆ ಮಾತ್ರ ವಶವಾಗುವದು. ಆದರೆ ಕಾಡಿನ ಮೃಗವು ಕೈಗೆ ಬಂದರೂ ಸ್ವಂತ ನಾಲಿಗೆಯು ಮನುಷ್ಯನ ಕೈಗೆ ಬರಲಿಲ್ಲವೆಂಬದೇ ಯಾಕೋಬನ ಬೋಧನೆಯ ಸಾರವು.

ಇದಕ್ಕೆ ಒಂದು ದೃಷ್ಟಾಂತವನ್ನು ಕೇಳಿರಿ. ಬೆಳಗಾವಿ ಸೀಮೆಗೆ ಸಮೀಪವಾದ ಕುರುಂದವಾಡ ಸಂಸ್ಥಾನದಲ್ಲಿ ಕುದುರೆಗಳನ್ನು ಪಳಗಿಸುತ್ತಿದ್ದ ವಿಷ್ಣುಪಂತ ಛತ್ರೆಯವರು ೧೮೮೦ರಲ್ಲಿ ನಮ್ಮ ದೇಶದವರದೇ ಆದ ಮೊದಲ ಸರ್ಕಸ್ಸನ್ನು ಮುಂಬಯಿಯಲ್ಲಿ ನಡಿಸಿದರು. ೧೯೦೨ರಲ್ಲಿ ಪುಣೆಯಲ್ಲಿ ಹುಟ್ಟಿದ ದಾಮೂ ಧೋತ್ರೆಯವರು ಬಾಲ್ಯದಲ್ಲಿಯೇ ಸೋದರಮಾವನ ಸರ್ಕಸ್ಸನ್ನು ಸೇರಿ ಈ ವಿದ್ಯೆಯನ್ನು ಕಲಿತರು. ತರುವಾಯ ಯುರೋಪಿಗೆ ಹೋಗಿ, ಫ್ರಾನ್ಸಿನ ಹೆಸರಾಂತ ಶಿಕ್ಷಕರಾದ ಆಲ್ಫ್ರೆಡ್ ಕೋರ್ಟರ ಸಂಗಡ ದುಡಿದು, ೧೯೪೦ರಲ್ಲಿ ಅಮೆರಿಕದ ರಿಂಗ್ಲಿಂಗ್ ಬ್ರದರ್ಸ್ ಸರ್ಕಸ್ಸಿಗೆ ಬಂದರು. ಚಿರತೆಗಳ ನಡುವೆ ಬರಿಮೈಯಲ್ಲಿ ನಿಲ್ಲುತ್ತಿದ್ದ ಈ ಮನುಷ್ಯರನ್ನು ಜನರು ಬೆರಗಾಗಿ ನೋಡಿದರು. ೧೯೭೩ರಲ್ಲಿ ಅವರು ತೀರಿಕೊಂಡರು.

ಈ ವಿದ್ಯೆಯ ಗುಟ್ಟೇನು? ಕೋಲಿನ ತುದಿಯಲ್ಲಿ ಮಾಂಸದ ತುಂಡನ್ನಿಟ್ಟು ಮೃಗವನ್ನು ಅದರದೇ ಪೀಠಕ್ಕೆ ಕರೆಯುವದು. ಬಂದರೆ ತುಂಡನ್ನು ಕೊಡುವದು. ಬಾರದಿದ್ದರೆ ನಾಳೆ ಪುನಃ ಕರೆಯುವದು. ಹೀಗೆ ತಿಂಗಳುಗಟ್ಟಲೆ ನಡೆಯಬೇಕು. ಶಿಕ್ಷಕನು ಮೃಗದ ಕಿವಿಯನ್ನೂ ಬಾಲವನ್ನೂ ಎಡೆಬಿಡದೆ ನೋಡಬೇಕು. ಅಲ್ಲಿ ಸಿಟ್ಟಿಗೆ ಸ್ಥಳವಿಲ್ಲ. ತನ್ನನ್ನು ಪಳಗಿಸಿಕೊಳ್ಳದವನು ಬೋನಿನೊಳಗೆ ಬಹುಕಾಲ ಬದುಕಲಾರನು.

ಆದಾಗ್ಯೂ ಎಲ್ಲರೂ ತಾಳ್ಮೆಯಿಂದ ನಡೆಯಲಿಲ್ಲ. ಚಾವಟಿಯೂ ಹಸಿವೂ ಇಕ್ಕಟ್ಟಾದ ಬೋನೂ ಅನೇಕ ಮೃಗಗಳ ಪಾಲಾದವು. ಆದಕಾರಣ ೧೯೯೮ರಲ್ಲಿ ಕೇಂದ್ರ ಸರಕಾರವು ಕರಡಿ, ಕೋತಿ, ಹುಲಿ, ಚಿರತೆ, ಸಿಂಹಗಳನ್ನು ಆಟಕ್ಕಾಗಿ ಪಳಗಿಸಬಾರದೆಂದು ಆಜ್ಞಾಪಿಸಿತು. ೨೦೦೧ರಲ್ಲಿ ಸುಪ್ರೀಂ ಕೋರ್ಟು ಅದನ್ನು ಸ್ಥಿರಪಡಿಸಿತು. ಸರ್ಕಸ್ಸುಗಳಿಂದ ಬಿಡುಗಡೆಯಾದ ಹುಲಿ ಸಿಂಹಗಳಲ್ಲಿ ಕೆಲವಕ್ಕೆ ಬೆಂಗಳೂರಿನ ಬನ್ನೇರುಘಟ್ಟದಲ್ಲಿ ಆಶ್ರಯವು ದೊರೆಯಿತು.

ಪ್ರಿಯರೇ, ಈಗ ನಮ್ಮ ಮನೆಗಳನ್ನು ನೋಡೋಣ. ಬೆಳಿಗ್ಗೆ ಗದ್ದೆಯಲ್ಲಿ ಕೋಣವನ್ನು ಮೆಲ್ಲನೆ ಕರೆದ ಬಾಯಿಯು ಸಂಜೆ ಸೊಸೆಯನ್ನು ಹೇಗೆ ಕರೆಯುತ್ತದೆ? ಬಾವಿಯ ನೀರಿನ ವಿಷಯದಲ್ಲಿ ಒಂದು ಮಾತಾಡಿ, ವರುಷಗಳ ತನಕ ಒಬ್ಬರ ಅಂಗಳವನ್ನು ಒಬ್ಬರು ತುಳಿಯದೆ, ದೇವಾಲಯದಲ್ಲಿ ಒಂದೇ ಬೆಂಚಿನ ಎರಡು ತುದಿಗಳಲ್ಲಿ ಕೂತು ಪ್ರಾರ್ಥಿಸುವವರು ನಮ್ಮಲ್ಲಿ ಇಲ್ಲವೋ? ಚಿರತೆಯ ಉಗುರು ಮಾಡಿದ ಗಾಯವು ಮಾಯುತ್ತದೆ; ಇದು ಮಾಯಲಿಲ್ಲ. ಮೂಕ ಮೃಗದ ನೋವನ್ನು ನ್ಯಾಯಾಲಯವು ಕೇಳಿತು. ನಿನ್ನ ಮಾತಿನಿಂದ ನೊಂದು ಒಲೆಯ ಮುಂದೆ ಅಳುವವಳ ನಿಟ್ಟುಸಿರನ್ನು ಕೇಳುವವನು ದೇವರೇ.

ನಾಲಿಗೆಯನ್ನು ಪಳಗಿಸಲು ಮನುಷ್ಯನಿಗೆ ಶಕ್ತಿಯಿಲ್ಲ. ಆದರೆ ಕರ್ತನಿಗೆ ಉಂಟು. ಆತನ ತಾಳ್ಮೆಯು ನಮ್ಮನ್ನು ಎಷ್ಟು ಸಾರಿ ಪುನಃ ಕರೆಯಿತೆಂದು ನೆನಸಿರಿ. ಈ ಹೊತ್ತೇ ಆತನ ಕೈಗೆ ನಾಲಿಗೆಯನ್ನು ಒಪ್ಪಿಸಿರಿ. ಮನೆಗೆ ಹೋಗುವ ಮೊದಲು ಆ ಅಂಗಳವನ್ನು ತುಳಿಯಿರಿ. ಆಮೆನ್.