ಜೀಬ್ರಾ ಗೆರೆಯ ಮೇಲೆ ನಡೆದವರು

ಬಟ್ಟೆಯ ಮಾತೆತ್ತಿದರೆ ನಮ್ಮ ಗೆಳೆಯರಲ್ಲೇ ಕೆಲವರು ಮುಖ ಸಿಂಡರಿಸುತ್ತಾರೆ. ಹೊಟ್ಟೆಗೇ ಇಲ್ಲದವರಿಗೆ ಶೋಕಿ ಯಾಕಯ್ಯಾ ಅಂತ. ಅಂಥವರಿಗೆ ಜಕಾರ್ತಾದ ಒಂದು ರಸ್ತೆಯ ಸಂಗತಿ ಹೇಳಬೇಕು.

2022ರ ಜುಲೈ. ಚಿತಾಯಮ್, ಬೊಜೊಂಗ್‌ಗೆಡೆ, ದೆಪೋಕ್ ಎಂಬ ಹೊರವಲಯದ ಊರುಗಳಿಂದ ಹುಡುಗ ಹುಡುಗಿಯರು ಲೋಕಲ್ ರೈಲು ಹತ್ತಿ ಸುದಿರ್ಮನ್ ಸ್ಟೇಷನ್ನಿನಲ್ಲಿ ಇಳಿಯತೊಡಗಿದರು. ಬಹುಪಾಲು ದುಡಿಯುವವರ ಮಕ್ಕಳು, ಓದು ಬಿಟ್ಟವರೂ ಇದ್ದರು. ರೈಲಿಗೆ ಮೊದಲ 25 ಕಿಲೋಮೀಟರಿಗೆ 3,000 ರುಪಿಯಾ. ಅಷ್ಟು ಅಗ್ಗವಿಲ್ಲದಿದ್ದರೆ ಈ ಕತೆಯೇ ಇಲ್ಲ. ಗಾಜಿನ ಗೋಪುರಗಳ ನಡುವೆ, ದುಕುಹ್ ಅತಾಸ್‌ನಲ್ಲಿ ರಸ್ತೆ ದಾಟುವ ಜೀಬ್ರಾ ಗೆರೆಯನ್ನೇ ವೇದಿಕೆ ಮಾಡಿಕೊಂಡು, ಅಗ್ಗದ ಬಟ್ಟೆಯನ್ನೇ ಒಂದರ ಮೇಲೊಂದು ತೊಟ್ಟು ಎದೆಯೆತ್ತಿ ನಡೆದರು. ಫೋನುಗಳು ಚಿತ್ರ ಹಿಡಿದವು, ಟಿಕ್‌ಟಾಕ್ ದೇಶಕ್ಕೆಲ್ಲ ಹಂಚಿತು. 'ಚಿತಾಯಮ್ ಫ್ಯಾಷನ್ ವೀಕ್' ಅಂತ ಹೆಸರೂ ಬಿತ್ತು.

ಇದೇ ನೆಲದಲ್ಲಿ ಡಚ್ಚರು 1872ರಲ್ಲಿ ಪೊಲೀಸ್ ಕಾನೂನು ತಂದಿದ್ದರು: ತನ್ನ ಜನಾಂಗದ್ದಲ್ಲದ ಉಡುಪಿನಲ್ಲಿ ಹೊರಗೆ ಕಾಣಿಸಿಕೊಂಡರೆ ಅಪರಾಧ. ಯಾರು ಏನೆಂಬುದು ದೂರದಿಂದಲೇ ಗೊತ್ತಾಗಬೇಕಲ್ಲ! ನಮಗಿದು ಹೊಸದೇ? 1927ರಲ್ಲಿ ಮಹಾಡದಲ್ಲಿ ಬಾಬಾಸಾಹೇಬರು ನಮ್ಮ ಹೆಣ್ಣುಮಕ್ಕಳಿಗೆ ಸೀರೆ ಉಡುವ ರೀತಿ ಬದಲಿಸಿ, ಜಾತಿ ತೋರಿಸುವ ಒಡವೆ ಬಿಸಾಡಿ ಎಂದದ್ದು ಶೋಕಿಗಾಗಿಯೇ?

ಆದರೂ ನನಗೊಂದು ಅಳುಕಿದೆ. ಆ ಹುಡುಗರ ಆಸೆ ಅವರದೋ, ಫೋನು ಬಿತ್ತಿದ್ದೋ? ನಡೆದವರು ಅವರು; ನೋಡಿದವರ ಲೆಕ್ಕದಲ್ಲಿ ದೊಡ್ಡ ದುಡ್ಡು ಮಾಡಿದ್ದು ಕಂಪನಿ. ಇದು ಸುಳ್ಳಲ್ಲ. ಆದರೆ ನಾಲ್ಕು ಜನರ ಕಣ್ಣಿಗೆ ಮನುಷ್ಯನಾಗಿ ಬೀಳಬೇಕೆಂಬ ಹಸಿವು ಸಂತೆಯಲ್ಲಿ ಹುಟ್ಟಿದ್ದಲ್ಲ. ಸಂತೆ ಅದಕ್ಕೆ ಬೆಲೆ ಕಟ್ಟಿತು, ಅಷ್ಟೆ. ಶ್ರೀಮಂತನ ಮಗ ಸೂಟು ಹಾಕಿದಾಗ ಈ ಪ್ರಶ್ನೆಯನ್ನು ಯಾರೂ ಕೇಳುವುದಿಲ್ಲ ಎಂಬುದೂ ನೆನಪಿರಲಿ.

ಬೆಲೆ ಕಟ್ಟುವವರು ತಡಮಾಡಲಿಲ್ಲ. ಅದೇ ತಿಂಗಳು ನಟ ಬಾಯಿಮ್ ವೊಂಗ್‌ನ ಕಂಪನಿ ಆ ಹೆಸರನ್ನೇ ತನ್ನ ಟ್ರೇಡ್‌ಮಾರ್ಕ್ ಮಾಡಿಕೊಳ್ಳಲು ಅರ್ಜಿ ಹಾಕಿತು. ಹುಡುಗರ ಊರಿನ ಹೆಸರು! ಜನ ಉಗಿದರು, ಅರ್ಜಿ ವಾಪಸಾಯಿತು. ರಾಜ್ಯಪಾಲ ಅನೀಸ್ ಬಾಸ್ವೆದಾನ್ ಕೂಡ ಆ ಗೆರೆಯ ಮೇಲೆ ನಡೆದು ಫೋಟೊ ತೆಗೆಸಿಕೊಂಡರು. ಆಮೇಲೆ ಸಂಚಾರಕ್ಕೆ ಅಡ್ಡಿ ಎಂದು ಪೊಲೀಸರು ಗೆರೆ ಕಾದರು. ರಾತ್ರಿ 10ಕ್ಕೆ ಎಲ್ಲರನ್ನೂ ಎಬ್ಬಿಸಿದರು. ಕೊನೇ ರೈಲು ತಪ್ಪಿದ ಕೆಲವರು ಅದೇ ಬಟ್ಟೆಯಲ್ಲಿ ಫುಟ್‌ಪಾತಿನ ಮೇಲೆ ಮಲಗಿ ಬೆಳಗು ಮಾಡಿದರು.